ತೊಲೆಯೊಳಗಿನ ಅಕ್ಷರ

ಕೆಂಟಕಿಯ ನಮ್ಮ ಕಣಿವೆಯಲ್ಲಿ ಆಗ ನ್ಯಾಯಾಲಯಕ್ಕೆ ಗೋಡೆ ಎದ್ದಿತ್ತು, ಸೂರು ಬಂದಿರಲಿಲ್ಲ. ಬೆಂಚುಗಳಿಲ್ಲದೆ ಪಂಚರು ನೆಲದಲ್ಲಿ ಮಲಗಿದ್ದ ಓಕ್ ತೊಲೆಯ ಮೇಲೇ ಸಾಲಾಗಿ ಕೂತಿದ್ದರು. ಮರುದಿನ ಅದನ್ನು ಮೇಲೇರಿಸಬೇಕಿತ್ತು. ಹಿಮ ಬೀಳುವುದರೊಳಗೆ ಮಾಡು ಮುಚ್ಚದಿದ್ದರೆ ವಾಸ್ತುಶಿಲ್ಪಿ ಪ್ರೌಸ್‌ನ ಗುತ್ತಿಗೆ ಕೈತಪ್ಪುತ್ತಿತ್ತು.

ಎದುರಿಗೆ ವಿಧವೆ ಕೆಟುರಾ ನಿಂತಿದ್ದಳು. ಅವಳ ಗಂಡ ಝೆಬುಲನ್ ಈ ಕಾಡಿಗೆ ಬಂದ ಹೊಸತರಲ್ಲಿ, ಹಳ್ಳದ ಬದಿಯ ತನ್ನ ಹೊಲದ ಗಡಿಮರಕ್ಕೆ ಕೊಡಲಿಯಿಂದ ಹೆಸರಿನ ‘ಝೆಡ್’ ಕೊರೆದಿದ್ದ. ನಮ್ಮಲ್ಲಿ ಕೊಡಲಿಯ ಗುರುತೇ ಭೂಮಿಯ ಹಕ್ಕು. ಈಗ ಸೆಲ್ಡನ್ ಸ್ಟ್ರೇಕ್ ಆ ಹೊಲ ತನ್ನದೆನ್ನುತ್ತಿದ್ದ.

“ಆ ಮರದ ಮೇಲೆ ಯಾವ ಗುರುತೂ ಇರ್ಲಿಲ್ಲ. ದೇವರಾಣೆ,” ಎಂದು ಸ್ಟ್ರೇಕ್ ಬೈಬಲ್ ಮುಟ್ಟಿದ.

“ಮರ ಎಲ್ಲಿದೆ, ತಾಯಿ?” ನ್ಯಾಯಾಧೀಶರು ಕೇಳಿದರು.

“ನಿಮ್ಮ ಪಂಚರ ಕುಂಡಿ ಕೆಳಗೇ ಇದೆ, ಸ್ವಾಮಿ. ಈ ಸ್ಟ್ರೇಕೇ ಕಡಿಸಿ ಪ್ರೌಸ್‌ಗೆ ಮಾರಿದ.”

ಪಂಚರು ದಡಬಡಿಸಿ ಎದ್ದರು.

ಪ್ರೌಸ್ ತಲೆ ಕೆರೆದುಕೊಂಡ. “ತೊಗಟೆ ಮೇಲೇನೂ ಇರ್ಲಿಲ್ಲಮ್ಮ. ಬುಡದ ಹತ್ರ ಒಂದು ಉಬ್ಬು, ಅಷ್ಟೆ.”

“ಗಾಯ ಮಾಯ್ದಿದೆ ಕಣಪ್ಪಾ. ಗುರುತು ಒಳಗಿದೆ. ಸೀಳು.”

“ಸೀಳಿದ್ರೆ ತೊಲೆ ಹೋಯ್ತಲ್ಲಮ್ಮ!”

“ಸೀಳದಿದ್ರೆ ನನ್ನ ಹೊಲ ಹೋಯ್ತಲ್ಲ.”

ಸ್ಟ್ರೇಕ್ ನಕ್ಕ. “ಮುದುಕಿ ಮಾತು ಕೇಳಿ ಮನೆ ಮುರ್ಕೋತೀಯೇನೋ?”

ಪ್ರೌಸ್ ಕಣ್ಣು ಮುಚ್ಚಿದ. ಅವನ ತುಟಿ ಅಲುಗಿತು. ಪ್ರಾರ್ಥನೆಯೋ ಲೆಕ್ಕಾಚಾರವೋ, ದೇವರೇ ಬಲ್ಲ. ಆಮೇಲೆ ಕೊಡಲಿ ಎತ್ತಿಕೊಂಡ. ಕೊನೆಗೆ ದಪ್ಪನೆಯ ಚಕ್ಕೆಯೊಂದು ಕಿತ್ತು ಬಂತು. ಅದರ ಒಳಮೈಯಲ್ಲಿ ಕಪ್ಪಗೆ ಉಬ್ಬಿದ ಅಕ್ಷರ.

ಸ್ಟ್ರೇಕ್ ಹಾರಿ ಬಂದು ಅದನ್ನು ಕಸಿದುಕೊಂಡ. “ನೋಡಿ, ‘ಎಸ್’! ಸೆಲ್ಡನ್ನಿನ ಎಸ್! ನಾನೇ ಕೊರೆದದ್ದು!”

ಕೆಟುರಾ ಬಿಳಿಚಿಕೊಂಡಳು.

“ಗುರುತೇ ಇರ್ಲಿಲ್ಲ ಅಂತ ಆಣೆ ಇಟ್ಟವನು ನೀನೇ ಅಲ್ವೇನಯ್ಯಾ?” ನ್ಯಾಯಾಧೀಶರ ದನಿ ಮೆತ್ತಗಿತ್ತು.

ಪ್ರೌಸ್ ಮಂಡಿಯೂರಿ ತೊಲೆಯ ಗಾಯವನ್ನು ಅಂಗೈಯಿಂದ ಒರೆಸಿದ. “ಅವನ ಕೈಲಿರೋದು ಮುಚ್ಚಳ, ಸ್ವಾಮಿ. ಗಾಯ ತುಂಬಿಕೊಂಡು ಬೆಳೆದ ಕಟ್ಟಿಗೆ. ಕನ್ನಡಿಯೊಳಗಿನ ಹಾಗೆ ಅಕ್ಷರ ತಿರುಗಿ ಎಸ್ ಥರ ಕಾಣ್ತಿದೆ. ಕೊಡಲಿ ಬಿದ್ದದ್ದು ಇಲ್ಲಿ.”

ತೊಲೆಯಲ್ಲಿ ಆಳವಾಗಿ, ನೇರವಾಗಿ ಝೆಡ್ ಇತ್ತು. ಕೆಟುರಾ ಬೆರಳಿಟ್ಟು ಅದರ ಮೂರೂ ಗೆರೆ ತೀಡಿದಳು. ಪಂಚರು ಟೋಪಿ ತೆಗೆದರು. ಹೊಲ ಅವಳದೆಂದು ತೀರ್ಪಾಯಿತು.

ಎಲ್ಲರೂ ಹೋದ ಮೇಲೆ ಪ್ರೌಸ್ ಸಂಕೋಚದಿಂದ ಅವಳ ಬಳಿ ಬಂದ.

“ಸೂರಿಗೆ ಇನ್ನೊಂದು ಓಕ್ ಬೇಕಲ್ಲಮ್ಮ. ಅಷ್ಟುದ್ದದ್ದು ನಿಮ್ಮ ಹೊಲದಲ್ಲಿ ಮಾತ್ರ ಇರೋದು.”

“ಕಡ್ಕೋ ಹೋಗಪ್ಪ,” ಎಂದಳು ಕೆಟುರಾ. “ಈ ಸಲ ನನ್ನನ್ನ ಕೇಳಿದ್ಯಲ್ಲ.”