ಹರಳಿನೊಳಗಿನ ನೀರು

ಉಗ್ರಾಣದ ತಕ್ಕಡಿ ನಾನೂರ ಎರಡು ಕಿಲೋ ತೋರಿಸಿತು. ಇರಬೇಕಾದದ್ದು ಐನೂರು. ಹೊಸ ಮ್ಯಾನೇಜರು ಹತ್ತೂ ಮೂಟೆಗಳನ್ನು ಇಳಿಸಿ ಮತ್ತೊಮ್ಮೆ ಏರಿಸಲು ಹೇಳಿದರು. ಮತ್ತೊಮ್ಮೆಯೂ ನಾನೂರ ಎರಡೇ. ಆಗ ಮ್ಯಾನೇಜರು ಉಗ್ರಾಣಿಯ ಮುಖ ನೋಡಿದರು. ಉಗ್ರಾಣಿ ತಕ್ಕಡಿಯ ಮುಖ ನೋಡುತ್ತಿದ್ದರು.

ಅದು ಉಣ್ಣೆ ತೊಳೆದು ಬಣ್ಣ ಹಾಕುವ ಕಾರ್ಖಾನೆ. ಮೂರು ವರ್ಷಗಳ ಹಿಂದೆ ಉಣ್ಣೆ ತೊಳೆಯಲು ದ್ರವ ಸೋಪು ಬಂದಾಗ, ಅದು ಕೈಕೊಟ್ಟರೆ ಇರಲಿ ಎಂದು ಹತ್ತು ಮೂಟೆ ವಾಷಿಂಗ್ ಸೋಡಾ ಹರಳನ್ನು ಉಗ್ರಾಣದ ಮೂಲೆಯಲ್ಲಿ ಪೇರಿಸಿಟ್ಟರು. ದ್ರವ ಸೋಪು ಕೈಕೊಡಲಿಲ್ಲ. ಹರಳು ಯಾರಿಗೂ ಬೇಕಾಗಲಿಲ್ಲ. ಆದರೆ ಬೇಡ ಎಂದು ಯಾರೂ ಬರೆದುಕೊಟ್ಟಿರಲಿಲ್ಲವಾಗಿ, ವರ್ಷಕ್ಕೊಮ್ಮೆ ಅದನ್ನು ತೂಗಿ ಐನೂರು ಎಂದು ಬರೆಯುತ್ತಿದ್ದರು. ಈ ಸಲ ಹೊಸ ಮ್ಯಾನೇಜರು ಯಾರಿಗೂ ಹೇಳದೆ ಎರಡು ತಿಂಗಳು ಮೊದಲೇ ತೂಗಿಸಿದರು. ಮರುದಿನವೇ ಉಗ್ರಾಣಿಗೆ ನೋಟಿಸು ಬಂತು. ತೊಂಬತ್ತೆಂಟು ಕಿಲೋ ಸೋಡಾ ಎಲ್ಲಿ ಹೋಯಿತೆಂದು ಏಳು ದಿನದೊಳಗೆ ವಿಚಾರಣೆಯಲ್ಲಿ ವಿವರಿಸಬೇಕು. ಇಲ್ಲವಾದರೆ ಕೆಲಸದಿಂದ ತೆಗೆಯಲಾಗುವುದು.

ನೋಟಿಸನ್ನು ಉಗ್ರಾಣಿಗಿಂತ ಮೊದಲು ಓದಿದವಳು ಪುಟ್ಟಿ. ಪುಟ್ಟಿಗೆ ನಲವತ್ತಮೂರು ವರ್ಷ. ಕಾರ್ಖಾನೆಯ ಪ್ರಯೋಗಾಲಯ ಅವಳದು. ಅಲ್ಲಿ ಎಲ್ಲರೂ ಅವಳನ್ನು ಮೇಡಂ ಎನ್ನುತ್ತಾರೆ. ಪುಟ್ಟಿ ಎನ್ನುವವರು ಇಬ್ಬರೇ, ಅವಳ ಅಕ್ಕ ಮತ್ತು ಅಕ್ಕನ ಗಂಡ. ಆ ಅಕ್ಕನ ಗಂಡನೇ ಉಗ್ರಾಣಿ. ಮೂವತ್ತೊಂದು ವರ್ಷ ಒಂದು ಸೂಜಿಯೂ ಆಚೀಚೆಯಾಗದ ಹಾಗೆ ಕಾದ ಮನುಷ್ಯ. ಕಾರ್ಖಾನೆಯೊಳಗೆ ಅವರೂ ಅವಳನ್ನು ಮೇಡಂ ಎಂದೇ ಕರೆಯುತ್ತಿದ್ದರು, ಮನೆಯ ಮಾತು ಕೆಲಸದ ಜಾಗಕ್ಕೆ ಬರಬಾರದೆಂದು.

ಪುಟ್ಟಿ ಉಗ್ರಾಣಕ್ಕೆ ಹೋಗಿ ಒಂದು ಮೂಟೆಯ ಬಾಯಿ ಬಿಚ್ಚಿ ನೋಡಿದಳು. ಗಾಜಿನ ಚೂರಿನಂತೆ ಹೊಳೆಯಬೇಕಾದ ಹರಳು ಹಿಟ್ಟಿನಂತೆ ಬೆಳ್ಳಗೆ ಪುಡಿಯಾಗಿತ್ತು. ಪಕ್ಕದ ಗೋಡೆಗೆ ಕೈಯಿಟ್ಟಳು. ಬೆಚ್ಚಗಿತ್ತು. ಗೋಡೆಯ ಆಚೆ ಬಾಯ್ಲರು. ಈ ವರ್ಷದಿಂದ ಅದು ಎರಡು ಪಾಳಿ ಓಡುತ್ತಿತ್ತು. ಅವಳಿಗೆ ಎದೆಯ ಮೇಲಿನ ಕಲ್ಲು ಇಳಿದಂತಾಯಿತು.

ಸಂಜೆ ಅಕ್ಕನ ಮನೆಯಲ್ಲಿ ಅವಳು ವಿಷಯ ಬಿಡಿಸಿ ಹೇಳಿದಳು. ವಾಷಿಂಗ್ ಸೋಡಾ ಹರಳು ಮುಟ್ಟಿದರೆ ಒಣಗಿದ ಹಾಗೇ ಇರುತ್ತದೆ. ಆದರೂ ಅದರ ಕಟ್ಟಡದೊಳಗೆ ನೀರಿದೆ. ಸೋಡಾದ ಒಂದು ಪಾಲಿಗೆ ನೀರಿನ ಹತ್ತು ಅಣು, ಇಟ್ಟಿಗೆಯ ನಡುವಿನ ಗಾರೆಯ ಹಾಗೆ ಲೆಕ್ಕವಾಗಿ ಕೂತಿರುತ್ತವೆ. ಅದು ಸ್ಫಟಿಕ ಜಲ. ನೂರು ಕಿಲೋ ಹರಳಿನಲ್ಲಿ ಅರವತ್ತಮೂರು ಕಿಲೋ ನೀರೇ. ಒಣ ಹವೆಯಲ್ಲಿ ಈ ನೀರು ತಾನಾಗಿ ಹೊರಟುಹೋಗುತ್ತದೆ, ಹರಳು ಬಿರಿದು ಪುಡಿಯಾಗುತ್ತದೆ. ಇದಕ್ಕೆ ಎಫ್ಲೊರೆಸೆನ್ಸ್ ಎಂದು ಹೆಸರು. ಬಾಯ್ಲರಿನ ಗೋಡೆಗೆ ಒರಗಿಸಿಟ್ಟ ಐನೂರು ಕಿಲೋದಲ್ಲಿ ತೊಂಬತ್ತೆಂಟು ಹೋಗುವುದು ದೊಡ್ಡ ಮಾತೇ ಅಲ್ಲ.

ಅಕ್ಕ ದೀರ್ಘವಾಗಿ ಉಸಿರುಬಿಟ್ಟಳು. ಭಾವ ಉಸಿರು ಬಿಡಲಿಲ್ಲ. ಅವರು ತಟ್ಟೆಯನ್ನೇ ನೋಡುತ್ತ, ಒಣಗಿದ ಪದಾರ್ಥದಿಂದ ನೀರು ಹೇಗೆ ಹೋಗುತ್ತದೆ ಎಂದು ಎರಡು ಸಲ ಕೇಳಿದರು. ಎರಡು ಸಲವೂ ಉತ್ತರ ಕೇಳಿಸಿಕೊಂಡಂತೆ ಕಾಣಲಿಲ್ಲ.

ನಾಳೆಯೇ ಇದನ್ನು ಬರೆದು ಕೊಟ್ಟುಬಿಡು ಎಂದಳು ಅಕ್ಕ. ಪುಟ್ಟಿ ಆಗದೆಂದು ತಲೆಯಾಡಿಸಿದಳು. ಹೋಗಿರಬಹುದು ಎಂಬುದು ಬೇರೆ, ಹೋಗಿದೆ ಎಂಬುದು ಬೇರೆ. ಪರೀಕ್ಷೆ ಮಾಡದೆ ಬರೆಯುವ ಹಾಗಿಲ್ಲ, ಮೂರು ದಿನ ಬೇಕು ಎಂದಳು.

“ನೀರು ಆರಿಹೋಯ್ತು ಅಂತ ಒಂದು ಸಾಲು ಬರೆಯೋಕೆ ಮೂರು ದಿನಾನಾ?” ಎಂದಳು ಅಕ್ಕ. “ನಾನು ದಿನಾ ಬಟ್ಟೆ ಒಣಗಿಸ್ತೀನಿ ಕಣೇ. ಇವತ್ತಿನವರೆಗೂ ಒಬ್ರೂ ನನ್ನ ಪರೀಕ್ಷೆ ಕೇಳಿಲ್ಲ.”

“ಬಟ್ಟೆ ಒಣಗೋದು ಎಫ್ಲೊರೆಸೆನ್ಸ್ ಅಲ್ಲ ಅಕ್ಕ. ಅದು ಮೇಲಿನ ನೀರು. ಇದು ಒಳಗಿನದು.”

“ಗಂಡನ ಕೆಲಸ ಹೋದ್ಮೇಲೆ ಮೇಲಿನದಾದ್ರೇನು, ಒಳಗಿನದಾದ್ರೇನು,” ಎಂದು ಅಕ್ಕ ಪಾತ್ರೆ ಎತ್ತಿಕೊಂಡು ಒಳಗೆ ಹೋದಳು.

ವಿಚಾರಣೆಯ ಸಮಿತಿಯಲ್ಲಿ ಮೂವರಿದ್ದರು: ಮ್ಯಾನೇಜರು, ಗುಮಾಸ್ತರು, ಬಣ್ಣದ ಮೇಸ್ತ್ರಿ. ಪರೀಕ್ಷೆಗೆ ಅನುಮತಿ ಕೇಳಲು ಹೋದಾಗ ಪುಟ್ಟಿ, ಉಗ್ರಾಣಿ ತನಗೆ ಭಾವನಾಗಬೇಕು, ಆಮೇಲೆ ಮಾತು ಬರಬಾರದು ಎಂದು ಮೊದಲೇ ತಿಳಿಸಿದಳು. ಮ್ಯಾನೇಜರು ಯೋಚನೆಗೆ ಬಿದ್ದರು. ಈ ಕಾರ್ಖಾನೆಯಲ್ಲಿ ಯಾರಿಗೂ ಏನೂ ಆಗದವರನ್ನು ಹುಡುಕಿದರೆ ಬಾಯ್ಲರ್ ಒಂದೇ ಸಿಕ್ಕೀತು ಎಂದರು ಮೇಸ್ತ್ರಿ. ಅನುಮತಿ ಸಿಕ್ಕಿತು.

ಅವಳು ಹತ್ತು ಮೂಟೆಗಳಿಂದಲೂ ಮೇಲಿನದು, ನಡುವಿನದು, ತಳದ್ದು ಎಂದು ಮೂವತ್ತು ಮಾದರಿ ತೆಗೆದಳು. ಒಂದೊಂದನ್ನೂ ಪುಟ್ಟ ಪಿಂಗಾಣಿ ಮೂಸೆಯಲ್ಲಿ ತೂಗಿ, ಒಲೆಯಲ್ಲಿ ಕಾಯಿಸಿ, ತೇವ ತಾಗದ ಗಾಜಿನ ಪೆಟ್ಟಿಗೆಯಲ್ಲಿ ಆರಿಸಿ, ಮತ್ತೆ ತೂಗಿದಳು. ಮತ್ತೆ ಕಾಯಿಸಿದಳು, ಆರಿಸಿದಳು, ತೂಗಿದಳು. ಎರಡು ತೂಕ ಒಂದೇ ಬರುವವರೆಗೆ ಬಿಡುವ ಹಾಗಿಲ್ಲ. ಸ್ಥಿರ ತೂಕ ಎಂದರೆ ಅದೇ. ಆಗ ಉಳಿಯುವುದು ಬರೀ ಸೋಡಾ.

ಲೆಕ್ಕ ಸರಳವಾಗಿತ್ತು. ನೀರು ಹಾರಬಹುದು, ಸೋಡಾ ಹಾರುವುದಿಲ್ಲ. ಐನೂರು ಕಿಲೋ ಹರಳಿನಲ್ಲಿ ಒಣ ಸೋಡಾ ನೂರ ಎಂಬತ್ತೈದು ಕಿಲೋ. ಯಾರೂ ಕದ್ದಿಲ್ಲವಾದರೆ ಈಗಿನ ನಾನೂರ ಎರಡರಲ್ಲೂ ಅದು ಅಷ್ಟೇ ಇರಬೇಕು. ಅಂದರೆ ನೂರಕ್ಕೆ ನಲವತ್ತಾರು. ಯಾರಾದರೂ ಕದ್ದಿದ್ದರೆ ಅದಕ್ಕಿಂತ ಕಡಿಮೆ.

ಐವತ್ತೆಂಟು ಬಂತು.

ಪುಟ್ಟಿ ತನ್ನದೇ ತಪ್ಪೆಂದುಕೊಂಡಳು. ಮಾದರಿ ಬದಲಿಸಿದಳು, ಮೂಸೆಗಳನ್ನು ತೊಳೆದಳು, ತಕ್ಕಡಿಯನ್ನು ಪ್ರಮಾಣದ ತೂಕಗಳಿಟ್ಟು ನೋಡಿದಳು. ಎರಡನೆಯ ಸಲವೂ ಐವತ್ತೆಂಟು. ಮೂರನೆಯ ಸಲ ಐವತ್ತೆಂಟು ಚಿಲ್ಲರೆ. ಅಂದರೆ ಮೂಟೆಗಳಲ್ಲಿ ಇನ್ನೂರ ಮೂವತ್ತಮೂರು ಕಿಲೋ ಒಣ ಸೋಡಾ ಇದೆ, ಇರಬೇಕಾದದ್ದಕ್ಕಿಂತ ನಲವತ್ತೆಂಟು ಕಿಲೋ ಹೆಚ್ಚು. ಹರಳಿನ ರೂಪಕ್ಕೆ ತಂದರೆ ನೂರ ಮೂವತ್ತು ಕಿಲೋ. ಕಳ್ಳತನದ ಆರೋಪ ಹೊತ್ತ ಉಗ್ರಾಣದಲ್ಲಿ ಮಾಲು ಬೆಳೆದಿತ್ತು. ಸೋಡಿಯಂ ಗಾಳಿಯಲ್ಲಿ ಹುಟ್ಟುವುದಿಲ್ಲ. ಇಪ್ಪತ್ತು ವರ್ಷದ ಕೆಲಸದಲ್ಲಿ ಅವಳಿಗೆ ಖಚಿತವಾಗಿದ್ದ ಸಂಗತಿಗಳಲ್ಲಿ ಅದೂ ಒಂದು.

ಊಟದ ಬಿಡುವಿನಲ್ಲಿ ಅವಳು ಕಾಗದ ಹಿಡಿದು ಉಗ್ರಾಣಕ್ಕೆ ಹೋದಳು. ಭಾವ ಡಬ್ಬಿ ಮುಚ್ಚಿ ಕೈ ಒರೆಸಿಕೊಂಡರು. ಅಂಕಿ ನೋಡಿದರು. ಆಮೇಲೆ ಎದ್ದು ಕಿಟಕಿ ಹಾಕಿ ಬಂದು, ಕಾರ್ಖಾನೆಯೊಳಗೆ ಮೊದಲ ಸಲ ಅವಳನ್ನು ಪುಟ್ಟಿ ಎಂದು ಕರೆದರು.

ಮೊದಲ ವರ್ಷ, ತೂಗುವ ದಿನಕ್ಕೆ ಮುಂಚೆ ಅವರೇ ಒಮ್ಮೆ ತೂಗಿ ನೋಡಿದ್ದರಂತೆ. ಅರವತ್ತು ಕಿಲೋ ಕಡಿಮೆ. ಕಳ್ಳನಿರಬೇಕೆಂದು ಹದಿನೈದು ದಿನ ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಕಾದರು. ಬೆಕ್ಕೊಂದು ಬಂತು, ಹೋಯಿತು. ಕಳ್ಳನಿಲ್ಲವೆಂದ ಮೇಲೆ ತಪ್ಪು ತನ್ನದೇ. ಯಾರಿಗೋ ಕೊಟ್ಟು ಬರೆಯಲು ಮರೆತಿದ್ದೇನೆ, ತಲೆ ಮೊದಲಿನಂತಿಲ್ಲ ಎಂದು ನಿಶ್ಚಯಿಸಿದರು. ಕಿರಾಣಿ ಅಂಗಡಿಯಲ್ಲಿ ಹರಳು ಕೊಂಡು, ದಿನಕ್ಕೆ ಎರಡು ಕಿಲೋ ಊಟದ ಚೀಲದ ತಳದಲ್ಲಿಟ್ಟು ತಂದು ಸುರಿದರು. ಗೇಟಿನ ಕಾವಲುಗಾರ ಹೊರಗೆ ಹೋಗುವ ಚೀಲವನ್ನು ತಡಕುತ್ತಾನೆ. ಒಳಗೆ ಬರುವುದನ್ನು ಕೇಳುವವರಿಲ್ಲ. ಎರಡನೆಯ ವರ್ಷ ಎಪ್ಪತ್ತು ಕಿಲೋ ಇಳಿದಿತ್ತು. ಎಪ್ಪತ್ತೂ ತಂದರು. ಈ ವರ್ಷ ತರಲು ಶುರುಮಾಡುವುದಕ್ಕೆ ಮೊದಲೇ ಹೊಸ ಮ್ಯಾನೇಜರು ತೂಗಿಸಿಬಿಟ್ಟಿದ್ದರು.

ತಂದು ಸುರಿದದ್ದರ ನೀರೂ ಹಾರಿಹೋಗಿದೆ ಎಂದು ಪುಟ್ಟಿ ಹೇಳಲಿಲ್ಲ. ಅವರಿಗೆ ಆಗಲೇ ಅರ್ಥವಾಗಿತ್ತು.

“ಇದನ್ನ ಅಲ್ಲಿ ಹೇಳ್ಬೇಡ,” ಎಂದರು ಭಾವ. “ನೀರು ಹೋಯ್ತು ಅಂತಷ್ಟೇ ಹೇಳು. ಕಳ್ಳ ಅಂದ್ರೆ ತಲೆ ತಗ್ಗಿಸಿಕೊಂಡು ಮನೆಗೆ ಹೋಗ್ತೀನಿ, ನಾನು ಕದ್ದಿಲ್ಲ ಅಂತ ನನಗೆ ಗೊತ್ತಲ್ಲ. ಪೆದ್ದ ಅಂದ್ರೆ ಏನು ಹೇಳ್ಲಿ? ಅದು ನಿಜವೇ ಅಲ್ವಾ.”

“ನಾನಾಗಿ ಎತ್ತಲ್ಲ ಭಾವ. ಆದ್ರೆ ಕೇಳಿದ್ರೆ ಸುಳ್ಳು ಹೇಳಲ್ಲ.”

“ಅವರಿಗೆ ಕೇಳೋಷ್ಟು ಬುದ್ಧಿ ಇಲ್ಲ,” ಎಂದು ಭಾವ ತಮಗೆ ತಾವೇ ಧೈರ್ಯ ಹೇಳಿಕೊಂಡರು.

ವಿಚಾರಣೆ ಮ್ಯಾನೇಜರ ಕೋಣೆಯಲ್ಲಿ ಹತ್ತು ಗಂಟೆಗೆ ಶುರುವಾಯಿತು. ಉಗ್ರಾಣಿಗೆ ಗೋಡೆಯ ಪಕ್ಕ ಒಂದು ಕುರ್ಚಿ. ಪುಟ್ಟಿ ಮೇಜಿನ ಮೇಲೆ ಎರಡು ಬಟ್ಟಲಿಟ್ಟಳು: ಒಂದರಲ್ಲಿ ಹೊಸ ಹರಳು, ಇನ್ನೊಂದರಲ್ಲಿ ಉಗ್ರಾಣದ ಪುಡಿ. ಸ್ಫಟಿಕ ಜಲ ಎಂದರೇನು, ಎಫ್ಲೊರೆಸೆನ್ಸ್ ಎಂಬ ಮಾತನ್ನು ಎಲ್ಲಿ ಬಳಸಬೇಕು, ಎಲ್ಲಿ ಬಳಸಬಾರದು ಎಂದು ಹೇಳಿದಳು. ಹಸಿ ಗೋಡೆ ಒಣಗಿದರೆ ಆ ಮಾತಿಲ್ಲ, ಉಣ್ಣೆ ಒಣಗಿದರೂ ಇಲ್ಲ. ಹರಳು ತನ್ನೊಳಗೆ ಕಟ್ಟಿಕೊಂಡ ನೀರನ್ನು ಗಾಳಿಗೆ ಬಿಟ್ಟುಕೊಟ್ಟರೆ ಮಾತ್ರ. ಗುಮಾಸ್ತರು ಅಕ್ಷರ ಅಕ್ಷರವಾಗಿ ಕೇಳಿ ಬರೆದುಕೊಂಡರು. ಬರೆದಾದ ಮೇಲೆ, ಇದೇ ರೀತಿ ಸುಮ್ಮನೆ ಕೂತು ತೂಕ ಹೆಚ್ಚುವ ಪದಾರ್ಥ ಉಗ್ರಾಣದಲ್ಲಿ ಉಂಟೇ ಎಂದು ವಿಚಾರಿಸಿದರು. ಕಾಸ್ಟಿಕ್ ಸೋಡಾ ಉಂಟು, ಅದು ಗಾಳಿಯ ತೇವ ಹೀರಿ ಕರಗುತ್ತದೆ, ಅದಕ್ಕೆ ಬೇರೆ ಹೆಸರು ಎಂದಳು ಪುಟ್ಟಿ. ಹಾಗಾದರೆ ಇದರ ಇಳಿಕೆಗೆ ಅದರ ಏರಿಕೆಯನ್ನು ಹೊಂದಿಸಿ ಎರಡನ್ನೂ ಸರಿ ಎಂದು ಬರೆದರೆ ಹೇಗೆ ಎಂದು ಗುಮಾಸ್ತರು ಕೇಳಿದರು. ಮ್ಯಾನೇಜರು ಅವರಿಗೆ ನೀರು ಕುಡಿಯಲು ಹೇಳಿದರು.

ಮ್ಯಾನೇಜರಿಗೆ ಒಪ್ಪಿಗೆಯಾದಂತಿತ್ತು. ಅವರು ಪೆನ್ನು ತೆರೆದರು. ಆಗ ಬಣ್ಣದ ಮೇಸ್ತ್ರಿ ಕೆಮ್ಮಿದರು. ಮೇಸ್ತ್ರಿಯ ಕೈಗಳು ಮೊಣಕೈವರೆಗೆ ನೀಲಿ. ನಲವತ್ತು ವರ್ಷ ಬಣ್ಣ ಅಳೆದ ಮನುಷ್ಯನಿಗೆ ಒಂದು ಚಮಚದ ವ್ಯತ್ಯಾಸ ಎಷ್ಟೆಂದು ಗೊತ್ತಿತ್ತು.

“ನೀರು ಹೋಗುತ್ತೆ, ಒಪ್ಪಿದೆ,” ಎಂದರು. “ಐವತ್ತು ಕಿಲೋ ನೀರಾಗಿ ಹೋಗಿ, ಮಿಕ್ಕಿದ್ದು ಸೋಡಾ ಆಗೇ ಹೋಗಿದ್ರೆ? ಒಳಗೆ ಸೋಡಾ ಎಷ್ಟಿದೆ ಅಂತ ನೋಡಿದ್ರಾ ಮೇಡಂ?”

ಕೇಳುವಷ್ಟು ಬುದ್ಧಿ ಒಬ್ಬರಿಗಿತ್ತು.

ಪುಟ್ಟಿ ಕೈಯಲ್ಲಿದ್ದ ಕಾಗದದ ಮಡಿಕೆ ಬಿಚ್ಚಿದಳು. ಭಾವನ ಕಡೆ ನೋಡಬಾರದೆಂದುಕೊಂಡು ನೋಡಿದಳು. ಅವರು ಆಗಲೇ ಎದ್ದು ನಿಂತಿದ್ದರು. ಅಂಗಿಯ ಗುಂಡಿ ಸರಿಮಾಡಿಕೊಂಡರು.

“ನೋಡಿದ್ದಾರೆ. ಅವರ ಬಾಯಲ್ಲಿ ಬೇಡ, ನಾನೇ ಹೇಳ್ತೀನಿ. ಸೋಡಾ ಕಮ್ಮಿ ಆಗಿಲ್ಲ ಸ್ವಾಮಿ, ಜಾಸ್ತಿ ಆಗಿದೆ. ನಾನೇ ತಂದು ಹಾಕಿದ್ದು.”

ಮುಂದಿನದನ್ನು ಅವರು ತೂಕ, ದಿನ ಬಿಡದೆ ಹೇಳಿದರು. ಬೆಕ್ಕನ್ನೂ ಬಿಡಲಿಲ್ಲ. ಹೇಳಿ ಮುಗಿಸಿ, ನಗು ಕೇಳಿಸಿಕೊಳ್ಳಲು ತಯಾರಾದವರಂತೆ ಗೋಡೆಗೆ ಬೆನ್ನು ಕೊಟ್ಟು ನಿಂತರು. ಯಾರೂ ನಗಲಿಲ್ಲ. ಪುಟ್ಟಿ ಕಾಗದವನ್ನು ಮೇಸ್ತ್ರಿಯ ಮುಂದಿಟ್ಟಳು. ಮೇಸ್ತ್ರಿ ನೀಲಿ ಬೆರಳಿಟ್ಟು ಒಂದೊಂದೇ ಸಾಲು ಓದಿದರು.

“ಎಷ್ಟು ದಿನ ಹೊತ್ತೆ?”

“ಮೊದಲ ವರ್ಷ ಮೂವತ್ತು ದಿನ. ಆಮೇಲೆ ಮೂವತ್ತೈದು.”

“ಬೆನ್ನು ನೋಯ್ಲಿಲ್ವಾ?”

“ನೋಯ್ತು.”

ಮೇಸ್ತ್ರಿ ಕಾಗದವನ್ನು ಮ್ಯಾನೇಜರ ಕಡೆ ಸರಿಸಿ, ತಮ್ಮ ಕಡೆಯಿಂದ ಇನ್ನೇನೂ ಇಲ್ಲವೆಂದರು. ಗುಮಾಸ್ತರಿಗೆ ಮಾತ್ರ ಒಂದು ತೊಡಕಿತ್ತು: ಕಡಿಮೆ ಬಿದ್ದದ್ದಕ್ಕೆ ನಮೂನೆ ಇದೆ, ಹೆಚ್ಚು ಬಿದ್ದದ್ದಕ್ಕೆ ಇಲ್ಲ. ಕಾರ್ಖಾನೆಯೊಳಗೆ ಅನುಮತಿಯಿಲ್ಲದೆ ಮಾಲು ತಂದದ್ದು ತಪ್ಪೋ ಅಲ್ಲವೋ ಎಂದು ಅರ್ಧ ಗಂಟೆ ನಿಯಮದ ಪುಸ್ತಕ ತಿರುವಿದರು. ಯಾರಾದರೂ ಹೀಗೆ ಮಾಡಿಯಾರು ಎಂದು ಪುಸ್ತಕ ಬರೆದವರಿಗೆ ಹೊಳೆದಿರಲಿಲ್ಲ. ಕೊನೆಗೆ ಮ್ಯಾನೇಜರು ಮೂರು ಸಾಲು ಬರೆದರು. ನೋಟಿಸು ಹಿಂದಕ್ಕೆ ಪಡೆಯಲಾಗಿದೆ. ಹತ್ತು ಮೂಟೆ ಸೋಡಾವನ್ನು ನೆಲ ತೊಳೆಯಲು ಬಳಸಿ ಖರ್ಚು ಹಾಕುವುದು. ಉಗ್ರಾಣಿಯವರು ಇನ್ನು ಮುಂದೆ ಸ್ವಂತದ್ದೇನನ್ನೂ ಸೇರಿಸತಕ್ಕದ್ದಲ್ಲ.

ಮಧ್ಯಾಹ್ನ ಭಾವ ಪ್ರಯೋಗಾಲಯದ ಬಾಗಿಲಲ್ಲಿ ನಿಂತಿದ್ದರು. ಸುದ್ದಿ ಆಗಲೇ ಇಡೀ ಕಾರ್ಖಾನೆಗೆ ಹಬ್ಬಿತ್ತು. ಬರುವಾಗ ತೊಳೆಯುವ ವಿಭಾಗದ ಒಬ್ಬಳು, ನಮ್ಮ ಮನೆಯಲ್ಲೂ ಸೋಡಾ ಮುಗಿದಿದೆ ಅಣ್ಣ ಎಂದಿದ್ದಳಂತೆ. ಅವರು ಅದನ್ನು ಬೇಸರವಿಲ್ಲದೆ ಹೇಳಿದರು. ಅವರು ಬಂದದ್ದು ಬೇರೆ ಕಾರಣಕ್ಕೆ.

“ಮೇಡಂ, ನಂಬಿದೀನಿ. ಆದ್ರೂ ಒಂದ್ಸಲ ಕಣ್ಣಾರೆ ನೋಡ್ಬೇಕು.”

ಪುಟ್ಟಿ ಹೊಸ ಹರಳೊಂದನ್ನು ಪುಡಿಮಾಡಿ, ಗಾಜಿನ ತಟ್ಟೆಯಲ್ಲಿ ಹರಡಿ, ಸೂಕ್ಷ್ಮ ತಕ್ಕಡಿಯ ಮೇಲಿಟ್ಟಳು. ಸ್ಟೂಲು ಎಳೆದುಕೊಟ್ಟಳು. ಭಾವ ಕನ್ನಡಕ ಏರಿಸಿ ಕೂತರು. ಕೊನೆಯ ಅಂಕಿ ಏಳಿದ್ದದ್ದು ಆರಾಯಿತು. ಸ್ವಲ್ಪ ಹೊತ್ತಿಗೆ ಐದು. ಯಾರೂ ಮುಟ್ಟಿರಲಿಲ್ಲ. ತಟ್ಟೆಯ ಮೇಲಿನಿಂದ ಹೊಗೆಯಿಲ್ಲ, ಹನಿಯಿಲ್ಲ, ಏನೂ ಇಲ್ಲ. ನಾಲ್ಕು. ಅವರು ಮೂವತ್ತೊಂದು ವರ್ಷ ಕಾದದ್ದು ಬಾಗಿಲಿನಿಂದ ಹೋಗುವ ವಸ್ತುಗಳನ್ನು.

“ಈಗ ಹೋದದ್ದು ಎಲ್ಲಿದೆ?”

“ಈ ಕೋಣೇಲೇ ಇದೆ ಭಾವ. ಗಾಳೀಲಿ.”

ಅವರು ಕೋಣೆಯನ್ನು ಒಂದು ಸುತ್ತು ನೋಡಿದರು. ಸೂರು, ಕಪಾಟು, ಅರೆ ತೆರೆದ ಬಾಗಿಲು. ಎದ್ದು ಹೋಗಿ ಬಾಗಿಲು ಮುಚ್ಚಿ, ಚಿಲಕ ಹಾಕಿ, ಎಳೆದು ನೋಡಿ ಬಂದು ಮತ್ತೆ ಕೂತರು.

ಅಷ್ಟರಲ್ಲಿ ಇನ್ನೆರಡು ಇಳಿದಿತ್ತು.