ಸೊಂಟದ ಕಲ್ಲು

ಅವ್ವ ಕೊನೆಯ ದಿನಗಳನ್ನು ಮಂಚಕ್ಕೆ ಕಟ್ಟಿಸಿಕೊಂಡೇ ಕಳೆದಳು. ಅವಳಿಗೆ ಹುಚ್ಚಿರಲಿಲ್ಲ, ಜ್ವರವೂ ಇರಲಿಲ್ಲ. ಕಟ್ಟದಿದ್ದರೆ ಮೇಲಕ್ಕೇಳುತ್ತಿದ್ದಳು, ಅಷ್ಟೆ. ಹರಕು ಬಟ್ಟೆ ಹೊಸೆದು ಮಾಡಿದ ಹಗ್ಗದ ಒಂದು ತುದಿ ಅವಳ ಸೊಂಟಕ್ಕೆ, ಇನ್ನೊಂದು ಮಂಚದ ಕಾಲಿಗೆ. ಅಕ್ಕ ಭುಜ ಅದುಮಿ ಹಿಡಿದರೆ ನಾನು ತುತ್ತು ಕೊಡುತ್ತಿದ್ದೆ. ಒಂದಿಷ್ಟು ಹೊತ್ತು ಬಿಸಿಲಲ್ಲಿ ಕೂರಬೇಕೆಂದು ಅವಳಿಗೆ ಬಲು ಆಸೆ. ಸೂರಿಲ್ಲದ ಕಡೆ ಕರೆದೊಯ್ಯಲು ನಮಗೆ ಧೈರ್ಯ ಬರಲಿಲ್ಲ. ಮಣ್ಣು ಮಾಡುವಾಗಲೂ ಮೇಲೊಂದು ಚಪ್ಪಡಿ ಎಳೆಯಬೇಕಾಯಿತು.

ನಾವು ತುಳಿಯುವವರು. ಧಣಿಯ ಹೊಂಡದಲ್ಲಿ ಹಗುರಮಣ್ಣು ತುಳಿದು ಹದ ಮಾಡುವುದು ನಮ್ಮ ಕಸುಬು. ಹದವಾದ ಮಣ್ಣನ್ನು ಬಂಡೆಗೆ ಸವರಿದರೆ ಬಂಡೆ ಹತ್ತಿಯಂತೆ ಏಳುತ್ತದೆ. ಹೊಳೆಯ ಮೇಲೆ ಕಂಬವಿಲ್ಲದೆ ನಿಂತ ಸೇತುವೆ, ಒಂದೇ ಎತ್ತು ಎಳೆಯುವ ದಿಮ್ಮಿಯ ಗಾಡಿ, ಎಲ್ಲ ಅದರಿಂದಲೇ. ಮಂಡಿನೋವಿನ ದೊಡ್ಡ ಮನುಷ್ಯರು ಚಪ್ಪಲಿಯೊಳಗೂ ಚಿಟಿಕೆ ಇಟ್ಟುಕೊಳ್ಳುತ್ತಾರೆ. ನಮ್ಮ ಧಣಿಯೂ ಹಾಗೆಯೇ.

ಚಿಟಿಕೆಯಿಂದ ಸುಖ. ದಿನವಿಡೀ ತುಳಿಯುವವರಿಗೆ ಅದು ಅಂಗಾಲಿನಿಂದ ಹತ್ತಿ ಎಲುಬಿನಲ್ಲಿ ಕೂರುತ್ತದೆ. ಅದಕ್ಕೇ ಸೊಂಟಕ್ಕೆ ಕಲ್ಲು. ನಮ್ಮ ಕಡೆಯ ಕಲ್ಲು ಆಗದು, ಅದೂ ಮಣ್ಣು ಕುಡಿದು ಹಗುರವಾಗಿದೆ. ತೂಕ ಬಿಡದ ಕರಿಕಲ್ಲನ್ನು ಧಣಿ ದೂರದಿಂದ ತರಿಸುತ್ತಾನೆ. ಕೆಲಸ ಇರುವ ತನಕ ಕಲ್ಲು. ಕೆಲಸ ಬಿಟ್ಟ ದಿನ ಧಣಿಯ ಬಾಗಿಲಲ್ಲಿ ಬಿಚ್ಚಿಟ್ಟು ಹೋಗಬೇಕು. ಅವ್ವ ಹಾಗೆ ಬಿಚ್ಚಿಟ್ಟು ಬಂದವಳು.

ಹೊಂಡದಲ್ಲಿ ನಾವು ಕೈ ಕೈ ಹಿಡಿದು ಸುತ್ತು ಕಟ್ಟಿ ತುಳಿಯುತ್ತೇವೆ. ಒಬ್ಬಳ ಗಂಟು ಸಡಿಲಿದರೆ ಅಕ್ಕಪಕ್ಕದವರು ಬಿಡುವುದಿಲ್ಲ. ಹೊಸಬರಿಗೆ ಮೊದಲು ಹೇಳಿಕೊಡುವ ಮಾತು ಒಂದೇ: ಒಣಗಿದ ಮಣ್ಣು ತುಳಿಯಬೇಡ, ಅದು ಸತ್ತು ಬರೀ ಮಣ್ಣಾಗುತ್ತದೆ. ತುಳಿದು ತುಳಿದು ನಮ್ಮ ಕಾಲು ಸುಮ್ಮನಿರುವುದನ್ನೇ ಮರೆತಿವೆ. ಕೂತರೂ ಆಡುತ್ತವೆ, ಮಲಗಿದರೂ ಆಡುತ್ತವೆ.

ಈ ಸಲ ಅಕ್ಕನ ಕಾಲು ಮಣ್ಣಿನಲ್ಲಿ ಹೂತುಕೊಳ್ಳುವುದು ನಿಂತಿತು. ಮೇಸ್ತ್ರಿ ದಡದಲ್ಲಿ ನಿಂತು ನೋಡಿದ.

"ನೀನು ತುಳೀತಿಲ್ಲಮ್ಮ, ನೀರ ಮೇಲಿನ ಜೇಡದ ಥರ ಓಡಾಡ್ತಿದೀಯ. ಧಣಿಯ ಪ್ರಾರ್ಥನಾ ಮಂದಿರ ನಾಳೆ ತೆರೀತದೆ. ಅದು ಮುಗಿದ ಮಾರನೇ ದಿನ ಕಲ್ಲು ಇಟ್ಟು ಹೋಗು."

ಅಂದು ಮನೆಗೆ ಬಂದವಳೇ ಅಕ್ಕ ಅವ್ವನ ಮಂಚದ ಕಾಲು ಮುಟ್ಟಿ ನೋಡಿದಳು. ಹಗ್ಗ ಉಜ್ಜಿ ಉಜ್ಜಿ ಅಲ್ಲಿ ಮರ ಸವೆದಿತ್ತು.

"ಇದನ್ನ ಸುಟ್ಟುಬಿಡೇ," ಅಂದಳು. ನಾನು ಸುಡಲಿಲ್ಲ. ಸುಟ್ಟು ಇವಳನ್ನು ಯಾವುದಕ್ಕೆ ಕಟ್ಟಲಿ?

ಮಂದಿರಕ್ಕೆ ಕಂಬಗಳಿರಲಿಲ್ಲ. ಚಪ್ಪಡಿಯ ಸಂದುಗಳಿಗೆಲ್ಲ ನಾವು ತುಳಿದ ಮಣ್ಣು ಮೆತ್ತಿ ಸೂರು ನಿಲ್ಲಿಸಿದ್ದರು. ಮರುದಿನ ಅತಿಥಿಗಳಿಗೆ ತೋರಿಸಲು ತುಳಿಯುವವರನ್ನೂ ಕರೆಸಿ, ಒಳಗೆ ಹಿಂದಿನ ಸಾಲಿನಲ್ಲಿ ನಿಲ್ಲಲು ಹೇಳಿದ್ದರು. ಎಲ್ಲರೂ ಹೊಸ್ತಿಲಲ್ಲಿ ಚಪ್ಪಲಿ ಬಿಟ್ಟರು. ಧಣಿಯೂ ಬಿಟ್ಟ.

ಇಲ್ಲಿ ಒಂದು ಮಾತು ಹೇಳಬೇಕು. ನಮ್ಮ ಮನೆಗಳ ಸೂರು ತಲೆಗೆ ತಾಗುವಷ್ಟು ತಗ್ಗು. ಹೊಸ್ತಿಲಲ್ಲಿ ಚಪ್ಪಲಿಯ ಜೊತೆ ಕಲ್ಲನ್ನೂ ಬಿಚ್ಚಿಟ್ಟು, ಜಂತಿ ಹಿಡಿದು ಓಡಾಡುತ್ತೇವೆ. ಸೊಂಟಕ್ಕೆ ಅಷ್ಟೇ ಬಿಡುವು. ಪ್ರಾರ್ಥನೆಗಂತೂ ಬಿಚ್ಚಲೇಬೇಕು. ಧಣಿಯ ಕಲ್ಲು ಕಟ್ಟಿಕೊಂಡು ದೇವರ ಮುಂದೆ ನಿಲ್ಲಬೇಡಿ, ಅವನು ಮಾಡಿದ ಮೈಯಲ್ಲಿ ನಿಲ್ಲಿ ಎನ್ನುತ್ತಿದ್ದಳು ಅವ್ವ. ರಾತ್ರಿಯೆಲ್ಲ ನಿದ್ದೆಗೆಟ್ಟಿದ್ದ ಅಕ್ಕ ಹೊಸ್ತಿಲು ಕಂಡಳು, ದೀಪ ಕಂಡಳು. ಅವಳ ಕೈ ತಾನಾಗಿಯೇ ಗಂಟು ಬಿಚ್ಚಿತು. ಕಲ್ಲನ್ನು ಚಪ್ಪಲಿಯ ಪಕ್ಕ ಓರಣವಾಗಿ ಇಟ್ಟು ಒಳಗೆ ಕಾಲಿಟ್ಟಳು. ನಾನು ಕೈ ಚಾಚುವಷ್ಟರಲ್ಲಿ ಸೂರು ಸೇರಿದ್ದಳು.

ಅತಿಥಿಗಳು ಇದೂ ಒಂದು ಪ್ರದರ್ಶನ ಅಂದುಕೊಂಡು ಚಪ್ಪಾಳೆ ತಟ್ಟಿದರು.

ಮೇಸ್ತ್ರಿ ಆಗಲೇ ಕಲ್ಲು ಎತ್ತಿಕೊಂಡಿದ್ದ. ಮರೆತು ಬಿಚ್ಚಿದಳು, ಕೊಡಣ್ಣ ಎಂದು ಬೇಡಿದೆ.

"ಬಿಚ್ಚಿ ಇಟ್ಟಿದ್ದು ಅವಳೇ ತಾನೇ? ನಾಳೆ ಕೊಡೋದನ್ನ ಇವತ್ತೇ ಕೊಟ್ಲು."

ಧಣಿ ತಿರುಗಿಯೂ ನೋಡಲಿಲ್ಲ. "ಎಲ್ಲ ಮುಗೀಲಿ, ಹಗ್ಗ ಹಾಕಿ ಎಳೆದ್ರಾಯ್ತು. ಬಿದ್ದೇನೂ ಹೋಗಲ್ವಲ್ಲ," ಅಂದ. ಮುಂದಿನ ಸಾಲು ನಕ್ಕಿತು.

ಅಕ್ಕ ಮೇಲೆ ಚಪ್ಪಡಿಗೆ ಬೆನ್ನು ಕೊಟ್ಟು, ಕಣ್ಣು ಮುಚ್ಚಿ, ಕೈ ಮುಗಿದೇ ಇದ್ದಳು. ಅವಳ ಕಾಲು ಮಾತ್ರ ಗಾಳಿಯಲ್ಲಿ ಆಡುತ್ತಿದ್ದವು.

ಒಳಗೆ ನನ್ನ ಪಕ್ಕ ಗುಂಡಜ್ಜಿ ನಿಂತಿದ್ದಳು. ನೋಡಲು ಅಕ್ಕಿಮೂಟೆ, ಎತ್ತಿದರೆ ಹೊಟ್ಟು ಎಂದು ನಾವು ಅವಳನ್ನು ಆಡಿಕೊಳ್ಳುತ್ತೇವೆ. ಅವಳು ಸೊಂಟಕ್ಕೆ ಕೈ ಹಾಕಿದಳು.

"ಯಾಕೋ ಸೊಂಟ ನೋವು ಕಣೇ. ಧಣಿ ಸೂರು ಎಷ್ಟೆತ್ತರ ಐತೆ, ನೋಡ್ಕಂಡು ಬತ್ತೀನಿ."

ಕಲ್ಲು ನೆಲಕ್ಕೆ ಕೂತಿತು. ಅಜ್ಜಿ ಮೇಲಕ್ಕೆ ಹೋಗಿ ಅಕ್ಕನ ಕೈ ಹಿಡಿದಳು. ಆಮೇಲೆ ನಾನು. ನನ್ನ ಹಿಂದೆ ಮಿಕ್ಕವರು. ಮೇಸ್ತ್ರಿ ಯಾರ ಕಾಲು ಹಿಡಿಯಬೇಕೆಂದು ತಿಳಿಯದೆ ಅತ್ತಿಂದಿತ್ತ ಓಡಾಡಿದ.

ಮೇಲೆ ಹೊಂಡದ ಹಾಗೇ ಸುತ್ತು ಕಟ್ಟಿದೆವು. ಸುತ್ತು ಕಟ್ಟಿದರೆ ಕಾಲು ಕೇಳುತ್ತವೆಯೇ? ಮೈ ತಾನೇ ತಿರುಗಿತು. ತಲೆ ಕೆಳಗಾಗಿ, ಅಂಗಾಲು ಚಪ್ಪಡಿಗೆ ತಾಗಿ, ತುಳಿತ ಶುರುವಾಯಿತು. ಸಂದಿನ ಮಣ್ಣು ಒಣಗಿತ್ತು. ಅದು ಸಾಯುವುದು ಅಂಗಾಲಿಗೆ ತಿಳಿಯುತ್ತದೆ, ಬಿಸಿ ಆರಿದ ಹಾಗೆ. ಸೂರು ಹೋದರೆ ನಮ್ಮ ಮೇಲೆ ಬರೀ ಆಕಾಶ ಎಂದು ನಮಗೂ ಗೊತ್ತಿತ್ತು. ಆದರೂ ನಿಲ್ಲಿಸಲಿಲ್ಲ.

ಚಪ್ಪಡಿ ನರಳಿತು. ಒಂದು ಚಕ್ಕೆ ಎದ್ದು ಮುಂದಿನ ಸಾಲಿನ ಮಧ್ಯೆ ಬಿತ್ತು. ಅತಿಥಿಗಳು ಚಪ್ಪಲಿ ಕೂಡ ಹುಡುಕದೆ ಓಡಿದರು. ಧಣಿ ತಲೆಯೆತ್ತಿದ. ಅವನು ನಮ್ಮನ್ನು ಅಷ್ಟು ಹೊತ್ತು ನೋಡಿದ್ದು ಅದೇ ಮೊದಲು.

"ಕಾಲು ನಿಲ್ಸಿ. ಮೇಸ್ತ್ರಿ, ಅವಳ ಕಲ್ಲು ಅವಳಿಗೆ ಕೊಟ್ಟುಬಿಡೋ."

ಏಣಿ ಬಂತು. ಮೇಸ್ತ್ರಿ ಹತ್ತಲು ಹೊರಟಾಗ ಅಕ್ಕ ಕಣ್ಣು ತೆರೆದಳು.

"ಮೇಸ್ತ್ರಿ ಬೇಡ. ಧಣೀನೇ ತರಲಿ. ನನ್ನದೊಂದೇ ಅಲ್ಲ, ಎಲ್ಲಾರ್ದೂ. ಕಟ್ಕೊಂಡು ಇಳೀತೀವಿ. ಇನ್ನು ಕೆಲಸ ಬಿಟ್ರೂ ಧಣಿ ಬಾಗಿಲಲ್ಲಿ ಬಿಚ್ಚಿಡಲ್ಲ. ಕಲ್ಲು ನಮ್ಮದು."

ಇನ್ನೊಂದು ಚಕ್ಕೆ ಬಿತ್ತು.

ಧಣಿ ಹೊಸ್ತಿಲಿನ ಕಡೆ, ತನ್ನ ಚಪ್ಪಲಿಯ ಕಡೆ ನೋಡಿದ. ಹೋಗಿ ತರುವಷ್ಟು ಪುರುಸೊತ್ತಿರಲಿಲ್ಲ. ಬರಿಗಾಲಲ್ಲೇ ಬಗ್ಗಿ, ಮೇಸ್ತ್ರಿ ಕೆಳಗಿಟ್ಟ ಅಕ್ಕನ ಕಲ್ಲನ್ನು ಎದೆಗವಚಿಕೊಂಡ. ಮೊದಲ ಮೆಟ್ಟಿಲಿಗೇ ಅವನ ಮಂಡಿ ನಡುಗಿತು.

ಕೆಳಗೆ ಹೊಸ್ತಿಲಿನ ಒಳಗೆ ನಮ್ಮ ಕಲ್ಲುಗಳು ಸಾಲಾಗಿ ಕೂತಿದ್ದವು. ಮೇಲೆ ನಾವು ಯಾರೂ ಕೈ ಬಿಡಲಿಲ್ಲ. ಕಾಲೂ ನಿಲ್ಲಿಸಲಿಲ್ಲ, ತುಸು ಮೆಲ್ಲಗೆ ಮಾಡಿದೆವು, ಅಷ್ಟೆ.