ಪೆಟ್ಟಿಗೆಯಾಚೆಯ ಎರಡು ಪಾದ

ಮಂಗಳವಾರ ಬೆಳಿಗ್ಗೆ ಒಂಬತ್ತು ಗಂಟೆ ಹತ್ತು ನಿಮಿಷಕ್ಕೆ ಅಮೆರಿಕದ ಪ್ರಾಸ್ಪರ್ ಎಂಬ ಊರಿನ ಮನೆಯೊಂದಕ್ಕೆ ಲಂಡನ್ನಿನಿಂದ ವಿಡಿಯೊ ಕರೆ ಬಂತು. 1962ರ ಒಂದು ಟಿವಿ ಮನರಂಜನಾ ಕಾರ್ಯಕ್ರಮದ ನಾಲ್ಕು ನಿಮಿಷದ ಫಿಲ್ಮು ಸಿಕ್ಕಿತ್ತು. ಕರೆ ಮಾಡಿದವಳು ಹಳೆಯ ಕಾರ್ಯಕ್ರಮಗಳ ಸಂಗ್ರಹಾಲಯದ ಅಧಿಕಾರಿ. ಅದರಲ್ಲಿನ ಜಾದೂ ಆಟದಲ್ಲಿ ತಾನೂ ಇದ್ದೆ ಎಂದು ಪತ್ರ ಬರೆದಿದ್ದವಳು ಈ ಮನೆಯ ಅಜ್ಜಿ, ಎಂಬತ್ತು ದಾಟಿದ ಕಮಲವ್ವ. ಅವಳಿಗೆ ಬೇಕಿದ್ದದ್ದು ಒಂದೇ: ಕಲಾವಿದರ ಪಟ್ಟಿಯಲ್ಲಿ ತನ್ನ ಹೆಸರು.

ಧಾರವಾಡದಿಂದ ಗಂಡನ ಜೊತೆ ಲಂಡನ್ನಿಗೆ ಹೋದಾಗ ಅವಳಿಗೆ ಇಪ್ಪತ್ತೆರಡು. ಗಂಡ ಡಾಕ್ಟರ್ ಚನ್ನಮಲ್ಲಪ್ಪ ಡ್ಯೂಟಿಗೆ ಹೋದ ಶನಿವಾರಗಳಂದು ಅವಳು ಹೊಲಿಗೆ ಕ್ಲಾಸಿನ ನೆಪ ಹೇಳಿ ಜಾದೂಗಾರನೊಬ್ಬನ ಪೆಟ್ಟಿಗೆಯಲ್ಲಿ ಮುದುಡಿ ಕೂರುತ್ತಿದ್ದಳು. ಹೆಂಗಸನ್ನು ಗರಗಸದಿಂದ ಎರಡು ಹೋಳು ಮಾಡುವ ಆಟ. ಒಂದು ತುದಿಯಲ್ಲಿ ಡೋರಿನ್ ಎಂಬ ಇಂಗ್ಲಿಷ್ ಹುಡುಗಿಯ ಮುಖ. ಇನ್ನೊಂದು ತುದಿಯಲ್ಲಿ ಕಮಲವ್ವನ ಪಾದ. ನೋಡುವವರಿಗೆ ಇಬ್ಬರೂ ಸೇರಿ ಒಬ್ಬಳೇ. ಗಂಡ ಇರುವ ತನಕ ಅವಳು ಬಾಯಿ ಬಿಡಲಿಲ್ಲ. ಆಮೇಲೆ ಹೇಳಿದರೆ ಮಗ ಅಮರ್, "ಟಿವಿಯೊಳಗ ನೋಡಿದ್ದೆಲ್ಲಾ ನಿಂದಽ ಅಂತೀಯಲ್ಲವ್ವಾ" ಎಂದು ನಕ್ಕಿದ್ದ.

ಮೊಮ್ಮಗಳು ಗಾರ್ಗಿ ಲ್ಯಾಪ್‌ಟಾಪನ್ನು ಅಜ್ಜಿಯ ಮುಂದೆ ಸರಿಸಿದಳು. ಕಪ್ಪು ಬಿಳುಪಿನ ಚಿತ್ರ ಓಡಿತು. ಪೆಟ್ಟಿಗೆ ಎರಡಾಯಿತು. ಬರಿಗಾಲ ಬೆರಳುಗಳು ಕುಣಿದವು.

"ನೋಡಲ್ಲೆ, ನಾನಽ!"

"ಅಜ್ಜಿ, ಯು ವರ್ ಜಸ್ಟ್ ದ ಫೀಟ್?"

"ಹೂಂ. ನಗೋದು ಅಕೀ ಕೆಲಸ, ಬೆರಳು ಕುಣಿಸೋದು ನಂದು. ಅಕೀ ಹೊರಗ ಹಲ್ಲು ಕಿಸೀತಿದ್ಲು, ನಾ ಒಳಗ ಸೊಂಟ ಹಿಡಕೊಂಡು ಅಳತಿದ್ದೆ."

ಗುರುತೇನಾದರೂ ಇದೆಯೇ ಎಂದು ಅಧಿಕಾರಿ ಕೇಳಿದಳು. ಪೆಟ್ಟಿಗೆಯಲ್ಲಿ ಇದ್ದದ್ದು ತನ್ನ ತಾಯಿಯೊಬ್ಬಳೇ ಎಂದು ಡೋರಿನ್‌ಳ ಮಗ ಬರೆದುಕೊಟ್ಟಿದ್ದನಂತೆ. ಕಮಲವ್ವನಿಗೆ ಸಿಟ್ಟು ಬರಲಿಲ್ಲ. ಗುಟ್ಟನ್ನು ಮನೆಯಲ್ಲೂ ಹೇಳಬಾರದೆಂದು ಜಾದೂಗಾರ ಇಬ್ಬರಿಂದಲೂ ಆಣೆ ಮಾಡಿಸಿದ್ದ. ಡೋರಿನ್ ಆ ಮಾತು ಉಳಿಸಿಕೊಂಡೇ ಸತ್ತಿದ್ದಳು.

"ಟೋ ರಿಂಗ್ಸ್, ಅಜ್ಜಿ! ಝೂಮ್ ಮಾಡ್ತೀನಿ."

ಬೆರಳು ಬೋಳಾಗಿದ್ದವು. ಮದುವೆಯಾಗದ ಇಂಗ್ಲಿಷ್ ಹುಡುಗಿಯ ಕಾಲಲ್ಲಿ ಕಾಲುಂಗುರ ಕಂಡರೆ ಆಟವೇ ಕೆಡುತ್ತಿತ್ತು. ಹಾಗಾಗಿ ಪ್ರತಿ ಶನಿವಾರ ಕಮಲವ್ವ ಸೋಪು ಹಚ್ಚಿ ಉಂಗುರ ಕಳಚಿ ಕರ್ಚೀಫಿನಲ್ಲಿ ಗಂಟು ಕಟ್ಟುತ್ತಿದ್ದಳು. ಕಣಕಾಲಿನವರೆಗೆ ಬಿಳಿ ಬಣ್ಣ ಬಳಿಯುತ್ತಿದ್ದಳು, ಉಂಗುರದ ಕಲೆಯ ಮೇಲೆ ಎರಡು ಸಲ. ಗಂಡನಿಗೆ ಏನಾದರೂ ಆದೀತೆಂಬ ಹೆದರಿಕೆಗೆ, ಆಟ ಮುಗಿದೊಡನೆ ಬಣ್ಣ ತೊಳೆಯುವ ಮೊದಲೇ ಉಂಗುರ ತೊಡುತ್ತಿದ್ದಳು.

ಗಾರ್ಗಿ ಎಷ್ಟು ಹಿಗ್ಗಿಸಿದರೂ ಕಲೆ ಕಾಣಲಿಲ್ಲ.

"ಭಾಳ ಚೊಲೋ ಬಳದೀನಿ," ಎಂದಳು ಕಮಲವ್ವ.

ಆಮೇಲೆ ಕುರ್ಚಿ ಹಿಡಿದು ಬಲಗಾಲನ್ನು ಕ್ಯಾಮೆರಾದ ಎದುರು ಎತ್ತಿದಳು. ವಾತಕ್ಕೆ ಬೆರಳುಗಳು ಒಂದರ ಮೇಲೊಂದು ಹತ್ತಿದ್ದವು. ಗಂಡ ಹೋದ ದಿನ ಕಾಲುಂಗುರ ತೆಗೆಸಿದ್ದರು. ಹನ್ನೊಂದು ವರ್ಷದಲ್ಲಿ ಅದರ ಕಲೆಯೂ ಮಾಸಿತ್ತು. ಅಧಿಕಾರಿ ಮರ್ಯಾದೆಯಿಂದ ಅಷ್ಟು ಹೊತ್ತೂ ನೋಡಿದಳು, ಥ್ಯಾಂಕ್ಸ್ ಹೇಳಿದಳು.

ಶುಕ್ರವಾರ ಸಂಗ್ರಹಾಲಯವು ಚಿತ್ರವನ್ನು ತನ್ನ ಜಾಲತಾಣಕ್ಕೆ ಹಾಕಿತು. ಕೆಳಗಿನ ಪಟ್ಟಿಯಲ್ಲಿ ಎರಡು ಹೆಸರುಗಳಿದ್ದವು: ಜಾದೂಗಾರನದು, ಡೋರಿನ್‌ಳದು.